ಶುಕ್ರವಾರದ ಕಂದು ಸಾರು

ಮೊನ್ನೆ ನನ್ನ ಹೆಂಡತಿ ಅಡುಗೆಮನೆಯ ಮೇಲಿನ ಕಪಾಟಿನ ಹಿಂಬದಿಯಿಂದ ಒಂದು ತೆಂಗಿನೆಣ್ಣೆಯ ಬಾಟಲಿ ಹೊರತೆಗೆದಳು. ಅವಳ ಅಮ್ಮ ತೀರಿಕೊಳ್ಳುವ ಮೊದಲಿನ ವರ್ಷ ಊರಿನಿಂದ ಕಳಿಸಿದ್ದು, ಉಳಿದಿರುವುದು ಅದೊಂದೇ ಬಾಟಲಿ. ಅವಳಿಗೆ ನೆಗಡಿಯಾಗಿ ಮೂಗು ಕಟ್ಟಿತ್ತು. ಮುಚ್ಚಳ ತೆರೆದು ನನ್ನ ಮೂಗಿನ ಹತ್ತಿರ ಹಿಡಿದು, "ಸ್ವಲ್ಪ ನೋಡಿ ಮಾರಾಯ್ರೆ, ಒಳ್ಳೇದುಂಟಾ? ನಂಗೆ ಎಂತ ವಾಸನೆಯೂ ಗೊತ್ತಾಗ್ತಾ ಇಲ್ಲ" ಎಂದಳು. ಹಳೆಯ ಎಣ್ಣೆಯ ಕಮಟು ಸೀದಾ ಮುಖಕ್ಕೆ ಹೊಡೆಯಿತು. ಆ ವಾಸನೆಯ ಹಿಂದೆಯೇ ಕೆಳಗಿನ ಮನೆಯಲ್ಲಿದ್ದ ಅಜ್ಜ ನೆನಪಿಗೆ ಬಂದಿದ್ದರು...

ಆಗ ನಾವು ಮಸ್ಕತ್ತಿನ ಗುಬ್ರಾದಲ್ಲಿ ಬಾಡಿಗೆಗಿದ್ದೆವು. ಮಹಡಿಯಲ್ಲಿ ನಾವು, ಕೆಳಗೆ ಅವರು. ಇಂಗ್ಲೆಂಡಿನವರು, ಎಪ್ಪತ್ತು ದಾಟಿದ್ದವರು. ಹೆಂಡತಿ ತೀರಿಕೊಂಡಿದ್ದರು; ಒಬ್ಬಳೇ ಮಗಳು ಇಂಗ್ಲೆಂಡಿನಲ್ಲಿ. ಪಂಪುಗಳ ಇಂಜಿನಿಯರ್ ಆಗಿ ಒಮಾನಿಗೆ ಬಂದವರು ವಯಸ್ಸಾದ ಮೇಲೂ ಹೋಗಿರಲಿಲ್ಲ. ಅವರ ಕಫೀಲ್, ಎಂದರೆ ವೀಸಾಕ್ಕೆ ಜಾಮೀನು ನಿಲ್ಲುವ ಒಮಾನಿ ಮಾಲೀಕ, ಹಳೆಯ ಪ್ರೀತಿಗೆ ಸಲಹೆಗಾರ ಎಂದು ಹೆಸರು ಹಾಕಿಸಿ ವೀಸಾ ಮುಂದುವರಿಸುತ್ತಿದ್ದ. ಕಟ್ಟಡದ ನೀರಿನ ಪಂಪು ಕೆಟ್ಟರೆ ವಾಚ್‌ಮನ್ ಮೊದಲು ತಟ್ಟುತ್ತಿದ್ದುದು ಅವರ ಬಾಗಿಲನ್ನೇ. ಚಡ್ಡಿ ಹಾಕಿಕೊಂಡು ಸ್ಪ್ಯಾನರ್ ಹಿಡಿದು ಟೆರೇಸು ಹತ್ತುತ್ತಿದ್ದರು. ನನ್ನ ಮಕ್ಕಳು ಅವರನ್ನು ಬಿಳಿ ಅಜ್ಜ ಎನ್ನುತ್ತಿದ್ದರು. ನಾನು ಸರ್ ಎನ್ನುತ್ತಿದ್ದೆ.

ಕೊರೊನಾ ಬಂದಾಗ ಅವರು ಮಲಗಿಬಿಟ್ಟರು. ಹದಿನೈದು ದಿನ ನನ್ನ ಹೆಂಡತಿ ಗಂಜಿ, ತಿಳಿಸಾರು ಮಾಡಿ ಬಾಗಿಲಲ್ಲಿಟ್ಟು ಬರುತ್ತಿದ್ದಳು. ಅಜ್ಜ ಎದ್ದರು, ಆದರೆ ಮೂಗು ಏಳಲಿಲ್ಲ. ಮಲ್ಲಿಗೆಯೂ ಒಂದೇ, ಮೀನೂ ಒಂದೇ. ಋಣ ತೀರಿಸಬೇಕೆಂದು ನಮ್ಮನ್ನು ಶುಕ್ರವಾರದ ಊಟಕ್ಕೆ ಕರೆದರು. ಅವರ ಊರಲ್ಲಿ ಭಾನುವಾರ ಮಾಡುವ ಊಟ ಅದು. ಇಲ್ಲಿ ಶುಕ್ರವಾರ ರಜೆಯಾದ್ದರಿಂದ ಭಾನುವಾರವನ್ನು ಎಳೆದು ಶುಕ್ರವಾರಕ್ಕೆ ತಂದಿದ್ದರು.

ಓವನ್ನಿನಲ್ಲಿ ಸುಟ್ಟ ಕೋಳಿ, ಸುಟ್ಟ ಆಲೂಗಡ್ಡೆ, ಬೇಯಿಸಿದ ಬಟಾಣಿ. ಖಾರವಿಲ್ಲ, ಹುಳಿಯಿಲ್ಲ, ಆದರೂ ಮನುಷ್ಯರು ತಿನ್ನುವ ವಸ್ತುಗಳೇ. ಆಮೇಲೆ ಅವರು ಒಂದು ಡಬ್ಬಿ ತೆಗೆದರು. ಅದರೊಳಗೆ ಕಂದು ಬಣ್ಣದ ಹರಳು ಹರಳು ಪುಡಿ. ನಾಲ್ಕು ಚಮಚ ಜಗ್ಗಿಗೆ ಹಾಕಿದರು, ಮೇಲೆ ಕುದಿಯುವ ನೀರು ಹೊಯ್ದರು, ನಾಲ್ಕು ಸುತ್ತು ತಿರುವಿದರು. ಅವರು ಗ್ರೇವಿ ಎನ್ನುವ ಸಾರು ತಯಾರು! ಒಂದು ಒಗ್ಗರಣೆಯಿಲ್ಲ, ಒಂದು ಕುದಿಯಿಲ್ಲ. ನೋಡುತ್ತಿದ್ದಂತೆಯೇ ಗೋಂದಿನ ಹಾಗೆ ಗಟ್ಟಿಯಾಯಿತು. ಅದನ್ನು ಕೋಳಿಯ ಮೇಲೆ, ಆಲೂಗಡ್ಡೆಯ ಮೇಲೆ, ಬಟಾಣಿಯ ಮೇಲೆ, ಒಂದನ್ನೂ ಬಿಡದೆ ಸುರಿದರು. ಮಸ್ಕತ್ತಿನ ಘಾಲಾದ ವರ್ಕ್‌ಶಾಪಿನಲ್ಲಿ ಸ್ಟೋರ್ ಕೀಪರ್ ಆಗಿರುವ ನನಗೆ ನೆಲದ ಮೇಲೆ ಸೋರಿದ ಗೇರ್ ಆಯಿಲ್ ನೆನಪಾಯಿತು. ವಾಸನೆಯೋ, ಮುಚ್ಚಳ ತೆರೆದಿಟ್ಟು ಮರೆತ ಎಣ್ಣೆಯದ್ದು. ತಣಿಯುತ್ತಾ ಬಂದಂತೆ ಮೇಲೊಂದು ಪೊರೆ ಕಟ್ಟಿತು, ಚಮಚ ತಾಗಿಸಿದರೆ ಸುಕ್ಕುಗಟ್ಟಿತು. ಥೂ! ಬರೆಯುವಾಗಲೂ ಬಾಯಲ್ಲಿ ನೀರೂರುತ್ತದೆ, ಓಕರಿಕೆಯ ನೀರು.

ನನ್ನ ಹೆಂಡತಿ ದನದ್ದಿದೆಯೋ ನೋಡಿ ಎಂದು ಕಣ್ಣಲ್ಲೇ ಹೇಳಿದಳು, ನಾನು ಡಬ್ಬಿ ತಿರುಗಿಸಿ ಓದಿದೆ. ದನದ್ದೇನೂ ಇರಲಿಲ್ಲ. ಕೋಳಿಯದ್ದೂ ಇರಲಿಲ್ಲ. ಹಿಟ್ಟು, ತಾಳೆ ಎಣ್ಣೆ, ಉಪ್ಪು, ಬಣ್ಣ. ಮಾಂಸದ ಸಾರು ಎಂಬ ಹೆಸರಿನ ಸಾರಿನಲ್ಲಿ ಮಾಂಸವೇ ಇಲ್ಲ! ಇದನ್ನು ಉಂಡವರು ನಮ್ಮನ್ನು ಅಷ್ಟು ವರ್ಷ ಆಳಿದರಲ್ಲ ಎಂದು ನಾಚಿಕೆಯಾಯಿತು.

ತಪ್ಪು ನನ್ನದೇ. ಎಲೆಯಲ್ಲಿ ಬೇಡದ್ದು ಬಿದ್ದರೆ ಮೊದಲು ಅದನ್ನೇ ಮುಗಿಸಬೇಕು ಎಂದು ಅಮ್ಮ ಅಭ್ಯಾಸ ಮಾಡಿಸಿದ್ದರು. ನಾನು ಉಸಿರು ಬಿಗಿಹಿಡಿದು ಮೊದಲು ಸಾರನ್ನು ಬಳಿದು ನುಂಗಿದೆ. ಅಜ್ಜನ ಮುಖ ಅರಳಿತು. ಇವನಿಗೆ ಬಹಳ ಇಷ್ಟವಾಯಿತು ಎಂದುಕೊಂಡು ಜಗ್ ಬಗ್ಗಿಸಿ ಮತ್ತೆ ಸುರಿದರು. ಮುಂದಿನ ಶುಕ್ರವಾರವೂ ಕರೆದರು. ಹೆಂಡತಿ ಮಕ್ಕಳು ಒಂದೇ ಸಲಕ್ಕೆ ಕೈಮುಗಿದರು. ನಾನು ಹೋಗುತ್ತಲೇ ಇದ್ದೆ.

ಊಟದ ನಡುವೆ ಅವರು ಆ ಸಾರಿನ ಪುರಾಣ ಹೇಳುತ್ತಿದ್ದರು. ಅವರ ತಾಯಿ ಮಾಂಸ ಸುಟ್ಟ ತಟ್ಟೆಯಲ್ಲಿ ಇಳಿದ ರಸಕ್ಕೆ ಹಿಟ್ಟು ಹಾಕಿ ಕದಡಿ ಮಾಡುತ್ತಿದ್ದರಂತೆ. ಅವರ ಹೆಂಡತಿ ಆಸ್ಪತ್ರೆಯಲ್ಲಿ ನರ್ಸ್. ಡ್ಯೂಟಿ ಮುಗಿಸಿ ಬಂದವಳಿಗೆ ಅಷ್ಟು ಹೊತ್ತು ಎಲ್ಲಿಯದು? ಡಬ್ಬಿ ತಂದಳು. ಮಗಳಿಗೆ ಹುಟ್ಟಿದಾಗಿನಿಂದ ಡಬ್ಬಿಯದೇ ರುಚಿ, ಜಗ್ ತಳದಲ್ಲಿ ಉಳಿದದ್ದಕ್ಕೆ ಅಪ್ಪನೊಡನೆ ಜಗಳವಾಡುತ್ತಿದ್ದಳು. ನಮಗೆ ಸಾರಿಲ್ಲದೆ ಊಟ ಇಳಿಯುವುದಿಲ್ಲ, ಅವರಿಗೂ ಹಾಗೆಯೇ ಎಂದು ನನಗೆ ತಲೆಗೆ ಹೋಯಿತು, ಗಂಟಲಿಗೆ ಮಾತ್ರ ಹೋಗಲಿಲ್ಲ.

ಪ್ರತಿ ವಾರವೂ ಜಗ್ಗನ್ನು ನನ್ನ ಮೂಗಿನ ಬಳಿ ತಂದು, "ವಾಸನೆ ಸರಿಯಾಗಿದೆಯೇ?" ಎಂದು ಕೇಳುತ್ತಿದ್ದರು. ಸರಿ ಎಂದರೆ ಹೇಗಿರಬೇಕೆಂದು ನನಗೆ ಗೊತ್ತಿದ್ದರಲ್ಲವೇ! "ಕರೆಕ್ಟ್ ಸರ್, ಫಸ್ಟ್ ಕ್ಲಾಸ್" ಎನ್ನುತ್ತಿದ್ದೆ. ಅವರು ಕಣ್ಣು ಮುಚ್ಚಿ ಅದನ್ನು ಕೇಳಿಸಿಕೊಳ್ಳುತ್ತಿದ್ದರು.

"ಬೇಡ ಅಂತ ಹೇಳ್ಲಿಕ್ಕೆ ನಿಮಗೆ ಎಂತ ಕಷ್ಟ? ಬಂದು ಇಲ್ಲಿ ಹೊಟ್ಟೆ ಹಿಡ್ಕೊಂಡು ಕೂತ್ಕೊಳ್ಳೋದು" ಎಂದು ಹೆಂಡತಿ ಗದರುತ್ತಿದ್ದಳು.

"ಪಾಪ, ವಯಸ್ಸಾದವರು. ಒಂದು ಸುಳ್ಳು ಹೇಳಿದ್ರೆ ಯಾರ ಗಂಟು ಹೋಗ್ತದೆ?" ಎನ್ನುತ್ತಿದ್ದೆ.

ಹೀಗೇ ಎರಡು ವರ್ಷ ಹೋಯಿತು... ಒಂದು ದಿನ ಅಜ್ಜ ಮೆಟ್ಟಿಲಲ್ಲಿ ನನ್ನನ್ನು ನಿಲ್ಲಿಸಿದರು. ಮಗಳು ಬರುತ್ತಿದ್ದಾಳೆ ಎಂದರು. ಮುಖದಲ್ಲಿ ಸಂತೋಷಕ್ಕಿಂತ ಭಯ ಹೆಚ್ಚಿತ್ತು. ಮೂಗಿಲ್ಲದ ಮುದುಕ ಒಬ್ಬನೇ ಒಲೆ ಹಚ್ಚುವುದು ಅವಳಿಗೆ ಹೆದರಿಕೆ; ಗ್ಯಾಸ್ ಸೋರಿದರೆ ಯಾರಿಗೆ ತಿಳಿಯುತ್ತದೆ? ಇಂಗ್ಲೆಂಡಿಗೆ ಬಾ, ವೃದ್ಧರ ಮನೆಯಲ್ಲಿ ಜಾಗ ನೋಡಿದ್ದೇನೆ ಎಂದು ಫೋನಿನಲ್ಲಿ ಹಠ ಹಿಡಿದಿದ್ದಳು. ಅದನ್ನು ತಪ್ಪಿಸಿಕೊಳ್ಳಲು ಇವರು ಮೂಗು ಸರಿಹೋಯಿತು ಎಂದು ಹೇಳಿಬಿಟ್ಟಿದ್ದರು.

"ಅವಳು ಕಣ್ಣಾರೆ ನೋಡಲು ಬರುತ್ತಿದ್ದಾಳೆ. ಊಟ ಸರಿಯಾದರೆ ಒಬ್ಬಳೇ ಹಿಂದಕ್ಕೆ ಹೋಗುತ್ತಾಳೆ. ಈ ಶುಕ್ರವಾರ ನೀವೇ ನನ್ನ ಮೂಗು" ಎಂದರು. ಈ ಊರು ಬಿಟ್ಟು ತಾನು ಎಲ್ಲೂ ಬದುಕಲಾರೆ ಎಂದೂ ಹೇಳಿದರು.

ಆ ಶುಕ್ರವಾರ ನಾನು ಬೇಗನೆ ಇಳಿದು ಹೋದೆ. ಕೋಳಿ ಬೆಂದಿತ್ತು. ಅಜ್ಜ ಒಲೆಯ ಮೇಲಿನ ಕಪಾಟು ತೆರೆದರು. ಎಂದಿನ ಅಂಗಡಿಯ ಡಬ್ಬಿ ಅರ್ಧ ತುಂಬಿಕೊಂಡು ಮುಂದೆಯೇ ಇತ್ತು. ಅದನ್ನು ಸರಿಸಿ ಹಿಂದಿನಿಂದ ಇನ್ನೊಂದನ್ನು ತೆಗೆದರು. ತೀರಿಕೊಂಡ ಅವರ ಹೆಂಡತಿ ಕೊನೆಯ ಸಲ ಇಂಗ್ಲೆಂಡಿನಿಂದ ತಂದದ್ದು. ಮಗಳು ಉಂಡು ಬೆಳೆದ ಡಬ್ಬಿ, ಮಸ್ಕತ್ತಿನಲ್ಲಿ ಸಿಗುವುದಿಲ್ಲ. ಅವಳು ಬಂದಾಗಲೇ ತೆರೆಯಬೇಕೆಂದು ಇಟ್ಟಿದ್ದರು. ಒಲೆಯ ಮೇಲೆ, ಅಷ್ಟೂ ಬೇಸಿಗೆಗಳಲ್ಲಿ. ದಿನವಿಡೀ ಸ್ಟೋರಿನಲ್ಲಿ ಗ್ರೀಸ್ ಡಬ್ಬಿ, ರಬ್ಬರ್ ಸೀಲುಗಳ ಅವಧಿ ನೋಡುವವನು ನಾನು. ಆ ಡಬ್ಬಿಯ ತಳ ತಿರುಗಿಸಿ ನೋಡಲಿಲ್ಲ.

ಕುದಿನೀರು ಹೊಯ್ದು ಕದಡಿ ಜಗ್ಗನ್ನು ನನ್ನ ಮೂಗಿಗೆ ಹಿಡಿದರು. ಕಮಟು ಎಂದಿಗಿಂತ ಜಾಸ್ತಿಯಿತ್ತು. ಸುಳ್ಳು ಹೇಳುವುದಿಲ್ಲ, ಅದು ನನಗೆ ತಿಳಿಯಿತು. ಆದರೆ ಆ ಸಾರು ನನಗೆ ಮೊದಲ ದಿನದಿಂದಲೂ ಕಮಟೇ. ಇದು ಅಸಲಿ ಡಬ್ಬಿ, ಅಸಲಿಯದ್ದು ವಾಸನೆ ಹೆಚ್ಚಿರುತ್ತದೇನೋ ಎಂದುಕೊಂಡೆ. ಅಸಹ್ಯಪಟ್ಟುಕೊಂಡು ತಿನ್ನುವವನಿಗೆ ಹಾಳಾದದ್ದು ಯಾವುದು, ಒಳ್ಳೆಯದು ಯಾವುದು?

"ಕರೆಕ್ಟ್ ಸರ್" ಎಂದೆ.

ಮಗಳು ಡಬ್ಬಿ ನೋಡಿದವಳೇ ಚಿಕ್ಕ ಹುಡುಗಿಯಾಗಿಬಿಟ್ಟಳು. "ಅಮ್ಮನ ಡಬ್ಬಿ!" ಎಂದು ಜಗ್ಗನ್ನು ತಾನೇ ಎಳೆದುಕೊಂಡು ತಟ್ಟೆ ತುಂಬ ಸುರಿದುಕೊಂಡಳು. ಒಂದು ತುತ್ತು ಬಾಯಿಗಿಟ್ಟಳು. ಟಿಶ್ಯೂ ತೆಗೆದು ಉಗುಳಿದಳು.

"ಅಪ್ಪಾ, ಇದು ಕೆಟ್ಟುಹೋಗಿದೆ."

ಅಜ್ಜ ನನ್ನ ಕಡೆ ತಿರುಗಿದರು. ಅವಳೂ ತಿರುಗಿದಳು. ನಾನು ಅಭ್ಯಾಸಬಲದಿಂದ ಮೊದಲು ಸಾರನ್ನೇ ತಿಂದು ಅರ್ಧ ಮುಗಿಸಿದ್ದೆ.

"ನಿಮಗೂ ಗೊತ್ತಾಗಲಿಲ್ಲವೇ?" ಎಂದು ಕೇಳಿದಳು.

ಎರಡು ವರ್ಷ ಸುಳ್ಳು ಹೇಳಿದ ಬಾಯಿ ಬೇಡದ ಹೊತ್ತಿನಲ್ಲಿ ನಿಜ ಹೇಳಿತು. "ಇದು ಯಾವಾಗಲೂ ಹೀಗೇ ಇರುತ್ತದಲ್ಲ..." ಎಂದೆ.

ತಟ್ಟೆಯಲ್ಲಿ ಪೊರೆ ಕಟ್ಟುತ್ತಿತ್ತು. ಅಜ್ಜನಿಗೆ ಸಿಟ್ಟು ಬಂದಿದ್ದರೆ ಚೆನ್ನಾಗಿತ್ತು. ಅವರು ನನ್ನನ್ನೇ ನೋಡುತ್ತಾ, "ಪ್ರತಿ ಶುಕ್ರವಾರವೂ?" ಎಂದರು. ನಾನು ತಲೆ ತಗ್ಗಿಸಿದೆ. "ಖಲಾಸ್" ಎಂದು ಮೆಲ್ಲಗೆ ಹೇಳಿ ಜಗ್ ಎತ್ತಿಕೊಂಡು ಒಳಗೆ ಹೋದರು. ಸಿಂಕಿನಲ್ಲಿ ನೀರು ಬಹಳ ಹೊತ್ತು ಬಿಟ್ಟೇ ಇತ್ತು. ಮಗಳು ದನಿ ತಗ್ಗಿಸಿ ನನ್ನನ್ನು ಕೇಳಿದಳು, "ನಾಳೆ ಗ್ಯಾಸ್ ಸೋರಿದರೂ ಕರೆಕ್ಟ್ ಅನ್ನುತ್ತೀರಾ?"

ಯಾರ ಗಂಟು ಹೋಗುತ್ತದೆ ಎಂದು ಕೇಳುತ್ತಿದ್ದೆನಲ್ಲ, ಗೊತ್ತಾಯಿತು. ಮೂರು ವಾರದಲ್ಲಿ ಮನೆ ಖಾಲಿಯಾಯಿತು. ಸ್ಪ್ಯಾನರುಗಳನ್ನು ವಾಚ್‌ಮನ್‌ಗೆ ಕೊಟ್ಟರು. ಟ್ಯಾಕ್ಸಿ ಹತ್ತುವ ಮೊದಲು ನನ್ನ ಕೈ ಹಿಡಿದು, "ಇಷ್ಟವಿಲ್ಲದಿದ್ದರೆ ಯಾಕೆ ತಿಂದಿರಿ?" ಎಂದು ಕೇಳಿದರು. ನಿಜವಾಗಿಯೂ ತಿಳಿಯುವ ಆಸೆಯಿಂದ ಕೇಳಿದರು. ನಾನು ಅವರ ಪೆಟ್ಟಿಗೆ ಎತ್ತಿ ಟ್ಯಾಕ್ಸಿಯಲ್ಲಿಟ್ಟೆ. ಇಷ್ಟವಿದ್ದದ್ದು ನೀವು ಎಂದು ಹೇಳಬಹುದಿತ್ತು, ಆಗ ಹೊಳೆಯಲಿಲ್ಲ.

ಇಂಗ್ಲೆಂಡಿನ ವೃದ್ಧರ ಮನೆಯಿಂದ ಕೆಲವು ಶುಕ್ರವಾರ ಫೋನ್ ಮಾಡಿದರು. ಅಲ್ಲಿ ಮೂರು ಹೊತ್ತೂ ಎಲ್ಲದರ ಮೇಲೂ ಅದೇ ಸಾರು ಸುರಿಯುತ್ತಾರಂತೆ. "ಸರಿಯಾಗಿದೆಯೋ ಇಲ್ಲವೋ ಗೊತ್ತಿಲ್ಲ. ಇಲ್ಲಿ ಸುಳ್ಳು ಹೇಳುವವರೂ ಇಲ್ಲ" ಎಂದು ನಕ್ಕರು. ಆಮೇಲೆ ಫೋನ್ ನಿಂತಿತು. ಅಪ್ಪ ಹೋದರು ಎಂದು ಮಗಳಿಂದ ಎರಡು ಸಾಲಿನ ಮೆಸೇಜ್ ಬಂತು. ಅದಕ್ಕೆ ಏನು ಉತ್ತರ ಬರೆದೆನೋ ನೆನಪಿಲ್ಲ. ಇವತ್ತಿಗೂ ಆ ಸಾರು ನೆನೆದರೆ ಹೇಸಿಗೆಯಾಗುತ್ತದೆ. ನನ್ನನ್ನು ನೆನೆದರೆ ಅದಕ್ಕಿಂತ ಹೆಚ್ಚು.

"ಎಂತ ನಿಂತದ್ದು ಕಲ್ಲಿನ ಹಾಗೆ? ಒಳ್ಳೇದುಂಟಲ್ಲ?" ಎಂದು ಹೆಂಡತಿ ಮತ್ತೆ ಕೇಳಿದಳು. ಬಾಟಲಿ ಇನ್ನೂ ನನ್ನ ಮೂಗಿನ ಕೆಳಗಿತ್ತು. ಹೌದು ಎನ್ನಿಸಿಕೊಳ್ಳುವ ಆಸೆ ಅವಳ ಮುಖದಲ್ಲಿ ಕಾಣುತ್ತಿತ್ತು. ನನ್ನ ನಾಲಿಗೆಯೂ ಪರವಾಗಿಲ್ಲ ಎನ್ನಲು ತಯಾರಾಗಿತ್ತು.

"ಹಾಳಾಗಿದೆ" ಎಂದೆ. "ಪೂರ್ತಿ ಕಮಟು."

"ಇನ್ನೊಮ್ಮೆ ನೋಡಿ."

ಇನ್ನೊಮ್ಮೆ ಮೂಸಿದೆ. "ಹಾಳಾಗಿದೆ."

ಅವಳು ಎಣ್ಣೆಯನ್ನು ಚೆಲ್ಲಲಿಲ್ಲ. ಮುಚ್ಚಳ ಬಿಗಿದು ಇದ್ದ ಜಾಗದಲ್ಲೇ ಇಟ್ಟು, ಮುಂದಿದ್ದ ಅಂಗಡಿಯ ಎಣ್ಣೆ ಎತ್ತಿಕೊಂಡು ಒಲೆ ಹಚ್ಚಿದಳು. ಅಜ್ಜನ ಕಪಾಟಿನಲ್ಲೂ ಅಂದು ಅಂಗಡಿಯ ಡಬ್ಬಿ ಮುಂದೆಯೇ ಇತ್ತು.