ಅಡುಗೆಮನೆಯೂ ನಮ್ಮದಾಗಿರಲಿಲ್ಲ

ನಮ್ಮ ಮನೆಯಲ್ಲಿ ಮೊಳೆ ಹೊಡೆಯುವುದಕ್ಕೂ ಒಂದು ಕಾಯ್ದೆ ಇತ್ತು. ಅಡುಗೆಮನೆಯ ಗೋಡೆಗೆ ಎಷ್ಟು ಬೇಕಾದರೂ ಹೊಡೆಯಬಹುದು, ಪಡಸಾಲೆಯ ಗೋಡೆಗೆ ಒಂದೂ ಹೊಡೆಯುವಂತಿಲ್ಲ. ಹಾಗಾಗಿ ಕ್ಯಾಲೆಂಡರು, ಜರಡಿ, ಅಪ್ಪನ ಅಂಗಿ, ಅಕ್ಕಿ ಕೇರುವ ಮೊರ, ಕಡೆಗೆ ಮನೆದೇವರ ಫೋಟೋ ಕೂಡ ಒಲೆಯ ಮಗ್ಗುಲಲ್ಲೇ ಜೋತು ಬಿದ್ದಿದ್ದವು. ಬಂದವರು ದೇವರಿಗೆ ಯಾಕೆ ಒಗ್ಗರಣೆ ಹೊಗೆ ಹಾಕುತ್ತೀರಿ ಎಂದು ಕೇಳಿದರೆ ಅವ್ವ ನಾಚಿಕೆ ಇಲ್ಲದೆ, ಪಡಸಾಲೆ ಇನ್ನೂ ಬ್ಯಾಂಕಿನದು, ನಮ್ಮದಾದ ಮೇಲೆ ಅಲ್ಲಿಗೆ ಕರೆತರುತ್ತೇವೆ ಎಂದು ಹೇಳುತ್ತಿದ್ದಳು.

ಈ ಲೆಕ್ಕ ಅಪ್ಪನದು. ಅವನು ಗೌಂಡಿ. ವಿಜಯಪುರದ ಕಡೆಯಿಂದ ಹರೆಯದಲ್ಲೇ ಗೋವಾಕ್ಕೆ ಬಂದು, ವಾಸ್ಕೊ, ಸಡಾ, ದಾಬೋಲಿಮ್ ಸುತ್ತ ಎದ್ದು ನಿಂತ ಮನೆಗಳಲ್ಲಿ ಅರ್ಧಕ್ಕೆ ತಾನೇ ಇಟ್ಟಿಗೆ ಇಟ್ಟಿದ್ದೇನೆ ಎಂದು ಹೇಳಿಕೊಳ್ಳುವವನು. ಅವರ ಕೆಲಸದಲ್ಲಿ ವಾರಕ್ಕೊಮ್ಮೆ ಅಳತೆ ಆಗುತ್ತದೆ. ಗುತ್ತಿಗೆದಾರನ ಕಡೆಯವನು ಟೇಪು ಹಿಡಿದು ಬರುತ್ತಾನೆ, ಏಳು ದಿನದಲ್ಲಿ ಎಷ್ಟು ಗೋಡೆ ಎದ್ದಿದೆ, ಎಷ್ಟು ಗಿಲಾವು ಆಗಿದೆ ಎಂದು ಅಳೆದು ಅಷ್ಟಕ್ಕೆ ದುಡ್ಡು ಕೊಟ್ಟು ಹೋಗುತ್ತಾನೆ. ಅಳತೆಯಾಗಿ ದುಡ್ಡು ಕೈಗೆ ಬಂದ ಗೋಡೆಯ ಮಾತು ಅಲ್ಲಿಗೆ ಮುಗಿಯಿತು. ಅದನ್ನು ಮತ್ತೆ ಯಾರೂ ಎತ್ತುವುದಿಲ್ಲ. ಅಪ್ಪನಿಗೆ ಗೊತ್ತಿದ್ದ ವ್ಯವಹಾರವೆಂದರೆ ಇದೊಂದೇ.

2004ರಲ್ಲಿ ನನಗೆ ವಿಮಾನ ನಿಲ್ದಾಣದ ಸರಕು ವಿಭಾಗದಲ್ಲಿ ಕೆಲಸ ಸಿಕ್ಕಿತು. ತಿಂಗಳಿಗೊಮ್ಮೆ ಸಂಬಳದ ಚೀಟಿ ಬರುವ ಕೆಲಸ. ನಮ್ಮ ಮನೆತನದಲ್ಲಿ ಅಂಥದ್ದೊಂದು ಚೀಟಿ ಕಂಡವಳು ನಾನೇ ಮೊದಲು. ಆ ಚೀಟಿಯ ಬಲದ ಮೇಲೆ ಬ್ಯಾಂಕು ನನ್ನ ಮತ್ತು ಅಪ್ಪನ ಹೆಸರಿನಲ್ಲಿ ಐದು ಲಕ್ಷ ಸಾಲ ಕೊಟ್ಟಿತು. ಅವಧಿ ಹದಿನೈದು ವರ್ಷ, ತಿಂಗಳ ಕಂತು ನಾಲ್ಕು ಸಾವಿರದ ಆರುನೂರು ಚಿಲ್ಲರೆ. ಸಹಿ ಮಾಡುವಾಗ ಬ್ಯಾಂಕಿನ ಅಧಿಕಾರಿ, ಬಡ್ಡಿ ದರ ಏರಬಹುದು ಇಳಿಯಬಹುದು, ನೀವು ಅದನ್ನು ತಲೆಗೆ ಹಚ್ಚಿಕೊಳ್ಳಬೇಡಿ, ಕಂತು ಮಾತ್ರ ಇಷ್ಟೇ ಇರುತ್ತದೆ ಎಂದ. ಎಷ್ಟು ಒಳ್ಳೆಯ ಮನುಷ್ಯ ಎಂದುಕೊಂಡು ಹೊರಗೆ ಬಂದೆವು. ದಾಬೋಲಿಮ್‌ನ ಗುಡ್ಡದ ಇಳಿಜಾರಿನಲ್ಲಿ ಒಂದು ಪುಟ್ಟ ಮನೆ ನಮ್ಮದಾಯಿತು.

ಗೃಹಪ್ರವೇಶದ ಮರುದಿನವೇ ಅಪ್ಪ ಟೇಪು ಹಿಡಿದು ಮನೆಯನ್ನು ಅಳೆದ. ಅಡುಗೆಮನೆ, ಬಚ್ಚಲು, ಒಳಕೋಣೆ, ಪಡಸಾಲೆ, ಗ್ಯಾಲರಿ ಎಂದು ಐದು ಪಾಲು ಮಾಡಿದ. ಹದಿನೈದು ವರ್ಷಕ್ಕೆ ಐದು ಪಾಲು, ಮೂರು ವರ್ಷಕ್ಕೊಂದು. ಮೂರು ವರ್ಷ ಕಂತು ಕಟ್ಟಿದ ದಿನ ಅಡುಗೆಮನೆಯ ಬಾಗಿಲ ಬಳಿ ಪೆನ್ಸಿಲಿನಿಂದ ಗೆರೆ ಎಳೆದು, ಇಲ್ಲಿಂದ ಒಳಗೆ ನಮ್ಮದು ಎಂದ. ಅವ್ವ ಹೋಳಿಗೆ ಮಾಡಿದಳು. ಅವತ್ತೇ ಒಂದು ಪಾವು ಮೊಳೆ ತಂದು ಹೊಡೆದಳು. ನಾನು ಬಿ.ಕಾಂ. ಓದಿದವಳು, ನನಗೂ ಈ ಲೆಕ್ಕದಲ್ಲಿ ಏನೂ ತಪ್ಪು ಕಾಣಲಿಲ್ಲ. ಕಟ್ಟಿದಷ್ಟು ಕಡಿಮೆಯಾಗುತ್ತದೆ, ಮತ್ತೇನು?

ಆಮೇಲೆ ಬಡ್ಡಿ ಏರಿತು. ಪೇಪರಿನಲ್ಲಿ ಬರುತ್ತಿತ್ತು, ಟೀವಿಯಲ್ಲಿ ಹೇಳುತ್ತಿದ್ದರು. ಪಕ್ಕದ ಮನೆಯವರು ಬೇರೆ ಬ್ಯಾಂಕಿನಲ್ಲಿ ಸಾಲ ಮಾಡಿದ್ದರು, ಅವರ ಕಂತು ಸಾವಿರ ರೂಪಾಯಿ ಹೆಚ್ಚಾಗಿ ಅವರ ಮನೆಯಲ್ಲಿ ದಿನಾ ಜಗಳ. ನಮ್ಮದು ಮಾತ್ರ ಒಂದು ಪೈಸೆಯೂ ಏರಲಿಲ್ಲ. ಬ್ಯಾಂಕು ನಮ್ಮ ಮೇಲೆ ಕರುಣೆ ಇಟ್ಟಿದೆ ಎಂದು ಅಪ್ಪ ಮನಸಾರೆ ನಂಬಿದ. ಊರಿಗೆ ಹೋಗಿ ಬರುವಾಗ ಧಾರವಾಡದಲ್ಲಿ ಬಸ್ಸಿಳಿದು ಒಂದು ಕಿಲೋ ಪೇಡೆ ಕಟ್ಟಿಸಿಕೊಂಡು ಬಂದು, ಒಗೆದ ಅಂಗಿ ಹಾಕಿಕೊಂಡು ಹೋಗಿ ಬ್ಯಾಂಕಿನ ಅಧಿಕಾರಿಗೆ ಕೊಟ್ಟ. ಅವನು ಡಬ್ಬಿ ಬಿಚ್ಚಿ ಅಲ್ಲೇ ಒಂದು ತಿಂದ, ಉಳಿದದ್ದನ್ನು ಸಿಬ್ಬಂದಿಗೆಲ್ಲ ಹಂಚಿದ, ಚೆನ್ನಾಗಿದೆ ಎಂದ. ಅದಕ್ಕಿಂತ ಹೆಚ್ಚು ಒಂದು ಮಾತು ಆಡಲಿಲ್ಲ. ಈಗಲೂ ಆ ಪೇಡೆ ನೆನಪಾದರೆ ನನ್ನ ಮೈ ಉರಿಯುತ್ತದೆ.

2008ರ ಮಳೆಗಾಲದಲ್ಲಿ ಅಪ್ಪ ಪರಾಂಚಿಯಿಂದ ಬಿದ್ದ. ಗೌಂಡಿಗಳು ನಿಂತು ಗೋಡೆ ಕಟ್ಟುವ ಬಿದಿರಿನ ಅಟ್ಟಕ್ಕೆ ಇಲ್ಲಿ ಪರಾಂಚಿ ಎನ್ನುತ್ತಾರೆ. ಹಲಗೆ ಪಾಚಿಗಟ್ಟಿತ್ತು, ಜಾರಿ ಮರಳಿನ ರಾಶಿಯ ಮೇಲೆ ಬಿದ್ದ. ಎಲುಬು ಮುರಿಯಲಿಲ್ಲ, ಆದರೆ ಸೊಂಟ ಹೋಯಿತು. ಎದ್ದು ಕೂರಲು ತಿಂಗಳು ಹಿಡಿಯಿತು. ಆಮೇಲೆ ಎತ್ತರಕ್ಕೆ ಹತ್ತಿದರೆ ತಲೆ ತಿರುಗುವುದು ಶುರುವಾಯಿತು. ಅದನ್ನು ಅವನು ಮುಕಾದಮನಿಗೆ ಹೇಳಲಿಲ್ಲ, ಹೇಳಿದರೆ ಕೆಲಸಕ್ಕೆ ಕರೆಯುವುದಿಲ್ಲ. ಅವ್ವನಿಗೆ ಮಾತ್ರ ಗೊತ್ತಿತ್ತು. ಮುಂಜಾನೆ ಅವನು ಬುತ್ತಿ ಹಿಡಿದು ಹೊರಟರೆ ಸಂಜೆ ಚಪ್ಪಲಿ ಸದ್ದು ಕೇಳುವವರೆಗೆ ಅವಳು ಊಟ ಮಾಡುತ್ತಿರಲಿಲ್ಲ. ಇನ್ನು ಹತ್ತಬೇಡ ಎಂದು ಅತ್ತಳು, ಬೈದಳು, ದೇವರ ಆಣೆ ಹಾಕಿದಳು. ಅಪ್ಪ ಹೇಳಿದ್ದು ಇಷ್ಟೇ: "ಬ್ಯಾಂಕಿಂದು ಮುಗಿದ ದಿನಾ ಇಳೀತೀನಿ. ಅಲ್ಲೀತನಕ ಸುಮ್ನಿರು."

ಆ ದಿನವನ್ನು ಹತ್ತಿರ ತರಬೇಕೆಂದು ಅವ್ವ ಪಟ್ಟು ಹಿಡಿದಳು. ಓಣಿಯ ಹೆಂಗಸರೆಲ್ಲ ಸೇರಿ ತಿಂಗಳು ತಿಂಗಳು ದುಡ್ಡು ಹಾಕಿ, ಸರದಿಯ ಮೇಲೆ ಎತ್ತಿಕೊಳ್ಳುವ ಭಿಶಿಯಲ್ಲಿ ಅವಳಿಗೆ ಅರವತ್ತು ಸಾವಿರ ಬಂತು. ಅದನ್ನು ಬ್ಯಾಂಕಿಗೆ ತುಂಬಿ ಬರೋಣ ಎಂದು 2009ರ ಒಂದು ಬೆಳಿಗ್ಗೆ ನಾನು ಮತ್ತು ಅಪ್ಪ ಹೊರಟೆವು. ದಾರಿಯಲ್ಲಿ ಅಪ್ಪ ಬಲು ಹುರುಪಿನಲ್ಲಿದ್ದ. ಐದು ವರ್ಷ ಕಟ್ಟಿದ್ದೇವೆ, ಅಂದರೆ ಮೂರರಲ್ಲಿ ಒಂದು ಪಾಲು ತೀರಿದೆ, ಈ ಅರವತ್ತು ಸಾವಿರ ಸೇರಿದರೆ ಬಚ್ಚಲು ಮುಗಿದು ಒಳಕೋಣೆಯೂ ಕಾಲು ಭಾಗ ನಮ್ಮದಾಗುತ್ತದೆ ಎಂದು ಬಸ್ಸಿನಲ್ಲಿ ಬೆರಳು ಮಡಚುತ್ತಾ ಹೇಳಿದ.

ಬ್ಯಾಂಕಿನಲ್ಲಿ ಹಳೆಯ ಅಧಿಕಾರಿ ಇರಲಿಲ್ಲ, ವರ್ಗವಾಗಿ ಹೋಗಿದ್ದ. ಅವನ ಕುರ್ಚಿಯಲ್ಲಿ ಕೂತಿದ್ದ ಹೆಣ್ಣುಮಗಳು ಕೊಂಕಣಿ ಬೆರೆತ ಹಿಂದಿಯಲ್ಲಿ ಮೆತ್ತಗೆ ಮಾತಾಡುತ್ತಿದ್ದಳು. ಇನ್ನು ಎಷ್ಟು ಉಳಿದಿದೆ ಎಂದು ಕೇಳಿದೆ. ಅವಳು ಕಂಪ್ಯೂಟರಿನಲ್ಲಿ ನೋಡಿ, ನಾಲ್ಕು ಲಕ್ಷದ ಮೂವತ್ತೆಂಟು ಸಾವಿರ ಎಂದಳು.

ನಾನು ನಕ್ಕೆ. ಬೇರೆ ಯಾರದೋ ಖಾತೆ ನೋಡಿದ್ದೀರಿ ಎಂದೆ. ಅವಳು ಪರದೆಯನ್ನು ನನ್ನ ಕಡೆ ತಿರುಗಿಸಿದಳು. ನಮ್ಮ ಹೆಸರೇ. ಐದು ವರ್ಷದಲ್ಲಿ ನಾವು ಕಟ್ಟಿದ್ದು ಎರಡು ಮುಕ್ಕಾಲು ಲಕ್ಷಕ್ಕೂ ಮೇಲೆ. ಅಸಲು ತೀರಿದ್ದು ಅರವತ್ತೆರಡು ಸಾವಿರ. ಉಳಿದದ್ದೆಲ್ಲ ಎಲ್ಲಿ ಹೋಯಿತು ಎಂದು ಕೇಳಿದೆ.

ಪಾಪ, ಅವಳು ತಾಳ್ಮೆಯಿಂದ ಬಿಡಿಸಿ ಹೇಳಿದಳು. ಕಂತು ಬಂದ ಕೂಡಲೇ ಬ್ಯಾಂಕು ಮೊದಲು ಆ ತಿಂಗಳ ಬಡ್ಡಿ ಹಿಡಿದುಕೊಳ್ಳುತ್ತದೆ, ಮಿಕ್ಕಿದ್ದು ಮಾತ್ರ ಅಸಲಿಗೆ ಹೋಗುತ್ತದೆ. ದರ ಏರಿದಾಗ ಕೆಲವು ಬ್ಯಾಂಕುಗಳು ಕಂತು ಏರಿಸುತ್ತವೆ, ನಾವು ಗ್ರಾಹಕರಿಗೆ ತೊಂದರೆ ಆಗಬಾರದೆಂದು ಕಂತು ಹಾಗೇ ಇಟ್ಟು ವರ್ಷಗಳನ್ನು ಹೆಚ್ಚಿಸುತ್ತೇವೆ. ಈಗ ನೀವು ಕಟ್ಟುವ ನಾಲ್ಕು ಸಾವಿರದ ಆರುನೂರರಲ್ಲಿ ನಾಲ್ಕು ಸಾವಿರದ ನಾನೂರು ಬಡ್ಡಿಗೇ ಹೋಗುತ್ತಿದೆ ಎಂದಳು.

ಅಪ್ಪನಿಗೆ ಹಿಂದಿ ಚೆನ್ನಾಗಿ ಅರ್ಥವಾಗುತ್ತಿತ್ತು. ಅವನು ಕೇಳಿದ, ಹಾಗಾದರೆ ತಿಂಗಳಿಗೆ ನಮ್ಮ ಮನೆಗೆ ಬೀಳುವುದು ಇನ್ನೂರು ರೂಪಾಯಿಯೇ? ಹೌದು, ಇನ್ನೂರು ಚಿಲ್ಲರೆ ಎಂದಳು. ಅವನ ಒಂದು ದಿನದ ಕೂಲಿ ಅದಕ್ಕಿಂತ ಹೆಚ್ಚಿತ್ತು. ತಲೆ ತಿರುಗುತ್ತಿದ್ದರೂ ತಿಂಗಳಿಡೀ ಪರಾಂಚಿಯ ಮೇಲೆ ನಿಂತವನ ಒಂದು ದಿನದ ಕೂಲಿಯೂ ಮನೆಗೆ ಮುಟ್ಟುತ್ತಿರಲಿಲ್ಲ.

ಯಾವಾಗ ಮುಗಿಯುತ್ತದೆ ಎಂದು ನಾನು ಕೇಳಿದೆ. ಇನ್ನು ಇಪ್ಪತ್ತನಾಲ್ಕು ವರ್ಷ ಎಂದಳು. ಹದಿನೈದು ವರ್ಷದ ಸಾಲದಲ್ಲಿ ಐದು ವರ್ಷ ಕಟ್ಟಿದ ಮೇಲೆ ಉಳಿದದ್ದು ಇಪ್ಪತ್ತನಾಲ್ಕು ವರ್ಷ! ನಾನು ಅಲ್ಲೇ ಅವಳ ಪೆನ್ನು ಎತ್ತಿಕೊಂಡು ಅಂಗೈ ಮೇಲೆ ಗುಣಿಸಿದೆ. ಐದು ಲಕ್ಷಕ್ಕೆ ಒಟ್ಟು ಹದಿನಾರು ಲಕ್ಷ. ಮತ್ತೆ ಗುಣಿಸಿದೆ, ಅಷ್ಟೇ ಬಂತು. ಇಷ್ಟು ಉದ್ದಕ್ಕೆ ಎಳೆಯಲು ನಿಮಗೆ ಯಾರು ಹೇಳಿದರು, ನಮ್ಮಪ್ಪನಿಗೆ ಆಗ ಎಪ್ಪತ್ನಾಲ್ಕು ಆಗಿರುತ್ತದೆ ಎಂದು ಜಗಳಕ್ಕೇ ನಿಂತೆ. ಅವಳು ಸಂಕೋಚದಿಂದ ನನ್ನನ್ನು ನೋಡಿ, ಅವಧಿ ಹಿಡಿದದ್ದು ನಿಮ್ಮ ವಯಸ್ಸಿನ ಮೇಲೆ, ನೀವು ಇನ್ನೂ ಸಣ್ಣವರಲ್ಲವೇ ಎಂದಳು.

ಹೊರಗೆ ಬಂದು ಬ್ಯಾಂಕಿನ ಮೆಟ್ಟಿಲ ಮೇಲೆ ಕೂತೆವು. ಭಿಶಿಯ ದುಡ್ಡು ಅಪ್ಪನ ಮಡಿಲಲ್ಲೇ ಇತ್ತು. ಅಡುಗೆಮನೆಯ ಪಾಲು ಒಂದು ಲಕ್ಷ, ತೀರಿದ್ದು ಅರವತ್ತೆರಡು ಸಾವಿರ. ಅಡುಗೆಮನೆಯೂ ನಮ್ಮದಾಗಿರಲಿಲ್ಲ. ಆ ಹೋಳಿಗೆ, ಆ ಪೆನ್ಸಿಲ್ ಗೆರೆ ಎಲ್ಲ ಸುಳ್ಳೇ ಸುಳ್ಳು. ನನಗೆ ಅಳು ಬರಲಿಲ್ಲ, ಯಾರೋ ಕಪಾಳಕ್ಕೆ ಬಾರಿಸಿದ ಹಾಗೆ ಕಿವಿ ಗುಂಯ್ ಎನ್ನುತ್ತಿತ್ತು. ಅಪ್ಪ ನನ್ನ ಕಡೆ ತಿರುಗಿದ.

"ಅಂದ್ರ ನಾ ಇಳಿಯೂದು ಇಲ್ಲ, ನೀ ನೌಕರಿ ಬಿಡೂದು ಇಲ್ಲ" ಎಂದ.

ಮನೆಗೆ ಬಂದು ಹೇಳಿದಾಗ ಅವ್ವ ಮೊದಲು ನಂಬಲಿಲ್ಲ. ಬ್ಯಾಂಕಿನವರಿಗೆ ಲೆಕ್ಕ ಬರುವುದಿಲ್ಲ ಎಂದಳು. ನಾನು ನಾಲ್ಕು ಸಲ ಹೇಳಿದ ಮೇಲೆ ನಂಬಿದಳು. ಆಮೇಲೆ ಅವಳ ಬಾಯಿಂದ ಬಂದ ಮಾತು ಕೇಳಿ ಬ್ಯಾಂಕಿನಲ್ಲಿ ಬೆಚ್ಚಿದ್ದಕ್ಕಿಂತ ಹೆಚ್ಚು ಬೆಚ್ಚಿದೆ. ಮನೆ ಮಾರಿಬಿಡೋಣ ಎಂದಳು. ಸ್ವಂತ ಮನೆ, ಸ್ವಂತ ಮನೆ ಎಂದು ಇಪ್ಪತ್ತು ವರ್ಷ ಜಪ ಮಾಡಿದವಳು ಒಲೆಯ ಮುಂದೆ ಕೂತು ರೊಟ್ಟಿ ತಟ್ಟುತ್ತಲೇ ಆ ಮಾತು ಹೇಳಿದಳು. ಅಪ್ಪ ಊಟ ಬಿಟ್ಟು ಎದ್ದುಹೋದ. ಊರವರ ಮನೆಯೆಲ್ಲ ಕಟ್ಟಿ ತನ್ನದೊಂದು ಉಳಿಸಿಕೊಳ್ಳಲಾರದ ಗೌಂಡಿ ಅನ್ನಿಸಿಕೊಳ್ಳುವುದು ಅವನಿಗೆ ಸಾವಿಗಿಂತ ಹೆಚ್ಚಾಗಿತ್ತು. ಎಂಟು ದಿನ ಇಬ್ಬರೂ ಮಾತು ಬಿಟ್ಟರು. ಅಪ್ಪ ಹಟಕ್ಕೆ ಬಿದ್ದವನ ಹಾಗೆ ರವಿವಾರವೂ ಕೆಲಸಕ್ಕೆ ಹೋಗತೊಡಗಿದ.

ನಾನು ಒಬ್ಬಳೇ ಮತ್ತೆ ಬ್ಯಾಂಕಿಗೆ ಹೋದೆ. ಕಂತನ್ನು ನಾವೇ ಹೆಚ್ಚಿಸಿದರೆ ಏನಾಗುತ್ತದೆ ಎಂದು ಕೇಳಿದೆ. ಆ ಹೆಣ್ಣುಮಗಳು ಅರವತ್ತು ಸಾವಿರ ಮುಂಗಡ ತುಂಬಿದ ಹಾಗೆ, ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು ಕಟ್ಟಿದ ಹಾಗೆ ಲೆಕ್ಕ ಹಾಕಿ ತೋರಿಸಿದಳು. ಇಪ್ಪತ್ತನಾಲ್ಕು ವರ್ಷ ಕುಸಿದು ಐದು ವರ್ಷ ಚಿಲ್ಲರೆಗೆ ಬಂದು ನಿಂತಿತು. ನನಗೆ ಸಂತೋಷವಾಗಬೇಕಿತ್ತು, ಆಗಲಿಲ್ಲ, ಮತ್ತೊಮ್ಮೆ ಎದೆ ಒಡೆಯಿತು. ಇದನ್ನು ಬಡ್ಡಿ ಏರಿದ ದಿನವೇ ಯಾರಾದರೂ ಹೇಳಿದ್ದರೆ! ಪೇಡೆ ತಿಂದವನಾದರೂ ಹೇಳಬಹುದಿತ್ತು.

ಮೂರೂವರೆ ಸಾವಿರ ತರುವುದೆಲ್ಲಿಂದ? ನನ್ನ ಸಂಬಳದಲ್ಲಿ ಕಂತು, ಅಪ್ಪನ ಕೂಲಿಯಲ್ಲಿ ಸಂಸಾರ, ಮಿಕ್ಕುವುದು ಏನೂ ಇರಲಿಲ್ಲ. ಒಂದೇ ದಾರಿ ಕಂಡಿತು. ವಿಮಾನ ನಿಲ್ದಾಣದ ಹತ್ತಿರವೆಂದು ನಮ್ಮ ಮನೆಗೆ ಐದು ಸಾವಿರ ಬಾಡಿಗೆ ಬರುತ್ತಿತ್ತು. ಸಡಾದ ಚಾಳಿನಲ್ಲಿ ನಾವು ಮೊದಲು ಇದ್ದಂಥ ಒಂದೇ ಕೋಣೆಯ ಖೋಲಿ ಒಂದೂವರೆ ಸಾವಿರಕ್ಕೆ ಸಿಗುತ್ತಿತ್ತು. ನಮ್ಮ ಮನೆಯಲ್ಲಿ ಬೇರೆಯವರು ಇರಬೇಕು, ನಾವು ಬೇರೆಯವರ ಖೋಲಿಯಲ್ಲಿ ಇರಬೇಕು. ಇದನ್ನು ಮನೆಯಲ್ಲಿ ಹೇಳಲು ನನಗೆ ಎರಡು ದಿನ ಬಾಯೇ ಬರಲಿಲ್ಲ. ಹೇಳಿದಾಗ ಅವ್ವ ಒಂದೇ ಪ್ರಶ್ನೆ ಕೇಳಿದಳು.

"ಸಾಲ ಮುಗಿದ ದಿನಾ ಇವ್ರಿಗೆ ಎಷ್ಟ್ ವಯಸ್ಸಾಗಿರ್ತೈತಿ?"

"ಐವತ್ತಾರು."

"ಹಂಗಾದ್ರ ಖೋಲಿ ನೋಡ್ರಿ" ಎಂದಳು.

ಬಾಡಿಗೆಗೆ ಬಂದವರು ಹೊಸದಾಗಿ ಮದುವೆಯಾದ ಗಂಡ ಹೆಂಡತಿ, ಒಳ್ಳೆಯವರು. ಕೀಲಿ ಕೊಡುವ ದಿನ ಅಪ್ಪ ಅವರಿಗೆ ಯಾವ ಕಿಟಕಿ ಮಳೆಯಲ್ಲಿ ಹಿಗ್ಗುತ್ತದೆ, ಯಾವ ನಲ್ಲಿಯನ್ನು ಜೋರಾಗಿ ತಿರುಗಿಸಬಾರದು ಎಂದು ಒಂದೊಂದಾಗಿ ತೋರಿಸಿದ. ಕಟ್ಟಿದ ಮನೆಯನ್ನು ಮಾಲೀಕರಿಗೆ ಒಪ್ಪಿಸಿ ಬರುವುದು ಅವನಿಗೆ ಜೀವಮಾನದ ರೂಢಿ, ಅವತ್ತೂ ಹಾಗೇ ಒಪ್ಪಿಸಿದ. ನಾನು ನೋಡಲಾರದೆ ಟೆಂಪೋ ಹತ್ತಿ ಪಾತ್ರೆಗಳ ನಡುವೆ ಕೂತೆ.

ಸಡಾದ ಚಾಳು ನಾವು ಬಿಟ್ಟಾಗ ಇದ್ದ ಹಾಗೇ ಇತ್ತು. ಟೆಂಪೋ ನಿಂತಿದ್ದೇ ಹಳೆಯ ನೆರೆಯವಳೊಬ್ಬಳು ಹೊರಗೆ ಬಂದು ಹಾಸಿಗೆ, ಪೆಟ್ಟಿಗೆ, ಒಲೆ ಇಳಿಯುವುದನ್ನು ನೋಡಿದಳು. ಅವಳ ಮುಖ ಇಳಿದುಹೋಯಿತು. ಅವ್ವನ ಕೈ ಹಿಡಿದು, ಬ್ಯಾಂಕಿನವರು ಮನೆ ಕಸಿದುಕೊಂಡರಾ ಎಂದು ಪಿಸುದನಿಯಲ್ಲಿ ಕೇಳಿದಳು. ಅಪ್ಪ ತಲೆ ತಗ್ಗಿಸಿದ. ಅವ್ವ ಕೈ ಬಿಡಿಸಿಕೊಂಡಳು.

"ಮನಿ ಅಲ್ಲೇ ಐತಿ ತಂಗಿ. ಇವ್ರನ್ನ ಕೆಳಗ ಇಳಿಸ್ಕೊಬೇಕಾಗೇತಿ, ಅದಕ್ಕ ಬಂದೀವಿ" ಎಂದು ಹೇಳಿ, ಕೊಡ ಎತ್ತಿಕೊಂಡು, ಇಲ್ಲಿ ಈಗ ನೀರು ಎಷ್ಟು ಹೊತ್ತಿಗೆ ಬರುತ್ತದೆ ಎಂದು ಕೇಳಿದಳು.