ಬಾಣಂತಿ ಕೋಣೆಯ ಹೊಗೆ

ನಾನು ಚಿಕ್ಕವನಿದ್ದಾಗ ನಮ್ಮ ಮನೆಯವರು ಗಾಳಿಗೆ ಹೆದರುತ್ತಿದ್ದಷ್ಟು ಹಾವಿಗೂ ಹೆದರುತ್ತಿರಲಿಲ್ಲ. ಅದರಲ್ಲೂ ಮನೆಯಲ್ಲಿ ಬಾಣಂತಿ ಇದ್ದರೆ ಮುಗಿದೇ ಹೋಯಿತು. ನಮ್ಮೂರು ಸೋಸಲೆ. ಕಾವೇರಿ ಕಡೆಯಿಂದ ಸಂಜೆ ಬೀಸುವ ತಂಪುಗಾಳಿ ನಮಗೆಲ್ಲ ಹಿತವಾಗಿರುತ್ತಿತ್ತು. ಅಕ್ಕ ಚೊಚ್ಚಲ ಹೆರಿಗೆಗೆಂದು ತವರಿಗೆ ಬಂದು ಗಂಡುಮಗು ಹೆತ್ತಳು ನೋಡು, ಅದೇ ಗಾಳಿ ಶತ್ರುವಾಯಿತು. ಅವ್ವ ಕೋಣೆಯ ಕಿಟಕಿ ಮುಚ್ಚಿ, ಸಂದುಗಳಿಗೆಲ್ಲ ಹಳೇ ಸೀರೆಯ ಚೂರು ತುರುಕಿದಳು. ಒಳಗೆ ಸದಾ ಬೆಳ್ಳುಳ್ಳಿಯ ಘಾಟು, ಸಾಂಬ್ರಾಣಿಯ ಹೊಗೆ.

ಬಾಗಿಲ ಕಾವಲು ಅಪ್ಪನದು. ಅಪ್ಪನಿಗೆ ಅಕ್ಕನೆಂದರೆ ಪ್ರಾಣ. ಗದ್ದೆಯಿಂದ ಬಂದವನೇ ಹೊಸ್ತಿಲ ಪಕ್ಕ ಗೋಡೆಗೊರಗಿ ಕೂರುತ್ತಿದ್ದ. ಯಾರೂ ಬಾಗಿಲನ್ನು ಅಗಲ ತೆರೆಯುವಂತಿರಲಿಲ್ಲ. ಕೂತಷ್ಟು ಹೊತ್ತೂ ಅವನ ಬೆರಳ ಸಂದಿಯಲ್ಲಿ ಬೀಡಿ. ಒಂದು ಆರುವ ಮೊದಲೇ ಇನ್ನೊಂದು. ಅಕ್ಕ ಬಸುರಿಯಾಗಿದ್ದಾಗಲೂ ಎದುರಿಗೆ ಕೂತು ಹೊಗೆ ಬಿಡುತ್ತಲೇ "ಇನ್ನೊಂದು ತುತ್ತು ಉಣ್ಣವ್ವ" ಎಂದು ಉಪಚರಿಸಿದವನು ಅವನು. ಅದರಲ್ಲಿ ತಪ್ಪೇನಿದೆ ಎಂದು ನಮಗಾರಿಗೂ ಹೊಳೆದಿರಲಿಲ್ಲ. ಕೂಸು ಹುಟ್ಟುವಾಗಲೇ ಸಣ್ಣದಿತ್ತು. ಅದು ನಮ್ಮ ವಂಶದ ಗುಣ ಎಂದುಕೊಂಡೆವು.

ಒಂದು ಬೆಳಿಗ್ಗೆ ಕೂಸು ಹಾಲು ಕುಡಿಯಲಿಲ್ಲ. ನಾನು ಇಣುಕಿ ನೋಡಿದೆ. ಉಸಿರೆಳೆದಾಗಲೆಲ್ಲ ಅದರ ಪಕ್ಕೆಗಳು ಗುಳಿ ಬೀಳುತ್ತಿದ್ದವು. ತುಟಿ ನೇರಳೆ ಬಣ್ಣಕ್ಕೆ ತಿರುಗಿತ್ತು. "ಶೀತ ಆಗ್ಬುಟ್ಟದೆ ಕಣೇ" ಎಂದು ಅವ್ವ ಕೆಂಡಕ್ಕೆ ಇನ್ನಷ್ಟು ಸಾಂಬ್ರಾಣಿ ಹಾಕಿದಳು. ಅಪ್ಪ ಬಾಗಿಲನ್ನು ಇನ್ನೂ ಬಿಗಿಯಾಗಿ ಎಳೆದುಕೊಂಡು, ಮತ್ತೊಂದು ಬೀಡಿ ಹಚ್ಚಿದ. ಬಾಗಿಲ ಸಂದಿಯಿಂದ ಆ ಹೊಗೆಯೂ ನುಸುಳಿ ಕೋಣೆಯೆಲ್ಲ ಮಬ್ಬಾಯಿತು. ಕೂಸಿನ ನರಳಾಟವೂ ಕೇಳಿಸದಾಯಿತು.

"ಅವ್ವಾ, ಕೂಸು ಕೈ ಬಿಟ್ಟೋಯ್ತದೆ! ಆಸ್ಪತ್ರೆಗೆ ನಡೀರಿ!" ಎಂದು ಅಕ್ಕ ಕಿರುಚಿದಳು.

ನರಸೀಪುರದ ಬಸ್ಸಿನಲ್ಲಿ ನಾನು ಅಕ್ಕನಿಗೆ ಅಂಟಿಕೊಂಡು ಕೂತಿದ್ದೆ. ಕೂಸಿನ ಹೊಟ್ಟೆ ಏಳುವುದನ್ನು, ಇಳಿಯುವುದನ್ನೇ ನೋಡುತ್ತಿದ್ದೆ. ಕಣ್ಣು ಮಿಟುಕಿಸಿದರೆ ಎಲ್ಲಿ ನಿಂತುಬಿಡುತ್ತದೋ ಎಂಬ ಭಯ.

ಆಸ್ಪತ್ರೆಯ ಡಾಕ್ಟರಮ್ಮ ಕೂಸನ್ನು ಎತ್ತಿಕೊಂಡವರೇ ಅದರ ಕುಲಾವಿಯನ್ನು ಮೂಗಿಗೆ ಹಿಡಿದರು. "ಮನೇಲಿ ಬೀಡಿ ಸೇದೋರು ಯಾರು?"

ಅಪ್ಪನ ಎದುರೇ ಅಪ್ಪನನ್ನು ತೋರಿಸುವ ಧೈರ್ಯ ನಮ್ಮಲ್ಲಿ ಯಾರಿಗಿತ್ತು? ಕೊನೆಗೆ ಅವನೇ ಮುಂದೆ ಬಂದ. "ನಾನೇ ಕಣ್ ತಾಯಿ. ಆದ್ರೆ ಕೂಸು ಉಟ್ಟಿದ್ ಮ್ಯಾಕೆ ಒಳಕ್ಕೋಗಿ ಸೇದಿಲ್ಲ. ಗಾಳಿ ಬರಬಾರ್ದು ಅಂತ ಬಾಗ್ಲಲ್ಲೇ ಕುಂತಿದ್ದೆ."

ಡಾಕ್ಟರಮ್ಮ ಗದರಲಿಲ್ಲ. ಬಸುರಿ ಉಸಿರಾಡಿದ ಹೊಗೆ ಹೊಟ್ಟೆಯೊಳಗಿನ ಕೂಸನ್ನೂ ತಟ್ಟುತ್ತದೆ, ಕೂಸು ಸಣ್ಣದಾಗಿ ಹುಟ್ಟುವುದಕ್ಕೆ ಅದೂ ಕಾರಣವಾಗಬಹುದು ಎಂದರು. ಮುಚ್ಚಿದ ಕೋಣೆಯಲ್ಲಿ ಬೀಡಿಯ ಹೊಗೆಗೆ ಸಾಂಬ್ರಾಣಿಯದೂ ಸೇರಿ ಅದರ ಎಳೇ ಶ್ವಾಸಕೋಶ ಸೋತಿದೆ ಎಂದೂ ಬಿಡಿಸಿ ಹೇಳಿದರು.

"ಉಳೀತದಾ ತಾಯಿ?" ಅಪ್ಪನ ದನಿ ಒಡೆದಿತ್ತು.

"ಸಂಜೆವರೆಗೂ ನೋಡೋಣ. ಬೀಡಿ ವಾಸನೆ ಇರೋರು ಹತ್ರ ಬರಬೇಡಿ" ಎಂದು ಅವರು ಕೂಸಿನ ಮೂಗಿಗೆ ಆಕ್ಸಿಜನ್ ಕೊಳವೆ ಇಟ್ಟರು.

ಆ ಮಧ್ಯಾಹ್ನ ಮುಗಿಯುವಂತೆಯೇ ಕಾಣಲಿಲ್ಲ. ಅವ್ವ ಕಂಡ ಕಂಡ ದೇವರಿಗೆಲ್ಲ ಹರಕೆ ಹೊತ್ತಳು. ಅಪ್ಪ ಎಲ್ಲಿ ಎಂದು ಹೊರಗೆ ಹೋಗಿ ನೋಡಿದರೆ, ನಲ್ಲಿಯ ಕೆಳಗೆ ಕೂತು ಕೈ, ಬಾಯಿ, ಮೀಸೆ ಉಜ್ಜಿಕೊಳ್ಳುತ್ತಿದ್ದ. ಅಂಗಿಯನ್ನೂ ಒಗೆದು ಹಿಂಡಿ ಒದ್ದೆಯನ್ನೇ ತೊಟ್ಟಿದ್ದ. ನನಗೆ ಅವನ ಮೇಲೆ ಸಿಟ್ಟೂ ಬಂತು, ಅಳುವೂ ಬಂತು.

ಬಿಸಿಲು ಇಳಿಯುವ ಹೊತ್ತಿಗೆ ಕೂಸು ಅತ್ತಿತು. ಕೀರಲು ದನಿ, ಆದರೂ ಅಳು! ಅಪ್ಪ ಓಡಿ ಬಂದ. ಒಳಗೆ ಮಾತ್ರ ಕಾಲಿಡಲಿಲ್ಲ. ಬಾಗಿಲಲ್ಲೇ ನಿಂತು ಅಕ್ಕನತ್ತ ಕೈ ಚಾಚಿದ. "ಮೂಸ್ ನೋಡವ್ವ, ಇನ್ನೂ ವಾಸ್ನೆ ಅದಾ?"

ಅಕ್ಕ ಎದ್ದು ಬಂದು ಆ ಕೈಯನ್ನು ಮೂಸಿದಳು. ಅವಳ ಕಣ್ಣು ತುಂಬಿತು. "ಅದೆ ಕಣಪ್ಪ" ಎಂದಳು.

ಅಪ್ಪ ಮತ್ತೆ ನಲ್ಲಿಯ ಕಡೆ ನಡೆದ. ಆಮೇಲೆ ಅವನು ಬೀಡಿ ಬಿಟ್ಟ. ಬಿಡುವಾಗ ಅವನು ಪಟ್ಟ ಪಾಡು ಅಷ್ಟಿಷ್ಟಲ್ಲ, ನಮ್ಮ ಮೇಲೆ ಸಿಡುಕಿದ್ದೂ ಅಷ್ಟಿಷ್ಟಲ್ಲ. ಕೂಸು ಉಳಿಯಿತು. ಆ ಕೂಸಿಗೀಗ ತಲೆ ನರೆತಿದೆ. ಚಳಿ ಬಿತ್ತೆಂದರೆ ಅವನಿಗೆ ಇವತ್ತಿಗೂ ದಮ್ಮು ಕಾಡುತ್ತದೆ, ಅಕ್ಕನಿಗೆ ಇವತ್ತಿಗೂ ನಿದ್ದೆ ಬರುವುದಿಲ್ಲ.

ಪುಟ್ಟಿ, ಮೊನ್ನೆ ನಂಜನಗೂಡು ಬಸ್ ಸ್ಟ್ಯಾಂಡಿನಲ್ಲಿ ಬಸುರಿಯಾದ ನಿಮ್ಮಮ್ಮನ ಪಕ್ಕದಲ್ಲೇ ಒಬ್ಬ ಸಿಗರೇಟು ಹಚ್ಚಿದನಲ್ಲ, ನನಗೆ ಆ ಕೂಸೇ ಕಣ್ಣಮುಂದೆ ಬಂತು. ಗೋಡೆಯ ಮೇಲೆ ಸೇದಬಾರದೆಂದು ಬರೆದಿತ್ತು. ನಮ್ಮ ಕಾಲದಲ್ಲಿ ಅಂಥದ್ದೇನೂ ಇರಲಿಲ್ಲ. ಆದರೂ ಈ ವಯಸ್ಸಿನಲ್ಲಿ ನನಗೆ ಅವನನ್ನು ತಡೆಯುವ ಧೈರ್ಯ ಬರಲಿಲ್ಲ. ಅಷ್ಟರಲ್ಲಿ ನೀನು ಮುಂದೆ ಹೋಗಿ, "ಅಂಕಲ್, ನಮ್ಮಮ್ಮನ ಹೊಟ್ಟೇಲಿ ಪಾಪು ಇದೆ, ಹೊಗೆ ಬಿಡಬೇಡಿ" ಅಂದುಬಿಟ್ಟೆ. ಅವನು "ಸಾರಿ ಕಣಮ್ಮ" ಎಂದು ಸಿಗರೇಟು ಹೊಸಕಿ ಹೋದ. ಮನೆ ತಲುಪುವವರೆಗೂ ತಾತ ಯಾಕೆ ನನ್ನ ಕೈ ಬಿಡಲೇ ಇಲ್ಲ ಅಂತ ಕೇಳಿದೆಯಲ್ಲ, ಇದಕ್ಕೇ ಕಣವ್ವ.