ಸುಟ್ಟ ಹಡಗಿನ ಹಲಗೆ

ಎಪ್ಪತ್ತರ ದಶಕದ ಮಾತು. ಅಮ್ಮ ಹೋದ ಮರುವರ್ಷ ಅಪ್ಪ ನಮ್ಮ ಜೊತೆಗೇ ಇರಲೆಂದು ಮೈಸೂರಿನಿಂದ ಅಮೆರಿಕದ ಫಾರ್ಮಿಂಗ್ಟನ್ ಹಿಲ್ಸ್‌ಗೆ ಬಂದರು. ಮನೆದೇವರುಗಳನ್ನೂ ತಂದಿದ್ದರು. ಆದರೆ ಆ ದೇವರುಗಳು ಸೂಟ್‌ಕೇಸಿನಿಂದ ಹೊರಗೆ ಬರಲೇ ಇಲ್ಲ. ಅಡುಗೆಮನೆಯ ಕ್ಯಾಬಿನೆಟ್ಟಿನಲ್ಲಿ ಸೀರಿಯಲ್ ಡಬ್ಬಿಗಳ ಪಕ್ಕ ಕೂರಿಸಲು ಅಪ್ಪ ಒಪ್ಪಲಿಲ್ಲ. ಡಿಯರ್‌ಬಾರ್ನ್‌ನಲ್ಲಿ ಇಂಜಿನಿಯರಾಗಿದ್ದ ನನ್ನ ಗಂಡ ಕಷ್ಟಪಟ್ಟು ಪ್ಲೈವುಡ್ಡಿನ ಪೀಠ ಮಾಡಿಕೊಟ್ಟರೆ, "ಇದು ಮರಾನಾ? ಅಂಟು ಹಾಕಿರೋ ರಟ್ಟು" ಎಂದುಬಿಟ್ಟರು. ಅರಣ್ಯ ಇಲಾಖೆಯ ಮರದ ಡಿಪೋದಲ್ಲಿ ಜೀವನವಿಡೀ ತೇಗ ಆರಿಸಿದ ಮನುಷ್ಯ, ಇನ್ನೇನು ಹೇಳಿಯಾರು! ದಿನಾ ಬೆಳಿಗ್ಗೆ ಸೂಟ್‌ಕೇಸಿನ ಮುಚ್ಚಳ ತೆರೆದು, ಹೂವಿಟ್ಟು, ಕೈಮುಗಿದು, ಮತ್ತೆ ಮುಚ್ಚುವರು. "ಚಳಿಗಾಲಕ್ಕೆ ಮುಂಚೆ ವಾಪಸ್ ಹೋಗ್ತೀನಮ್ಮ" ಎನ್ನುವರು. ನನಗೆ ಸಿಟ್ಟೂ ಬರುತ್ತಿತ್ತು, ಅಳುವೂ ಬರುತ್ತಿತ್ತು.

ಒಂದು ಶನಿವಾರ ಎದುರು ಮನೆಯ ಮುದುಕ ಹಳೇ ಸಾಮಾನು ಮಾರಲು ಗ್ಯಾರೇಜ್ ಸೇಲ್ ಇಟ್ಟಿದ್ದ. ಅಪ್ಪನನ್ನು ಕರೆದುಕೊಂಡು ಹೋದೆ. ಗೋಡೆಗೆ ಒರಗಿಸಿದ್ದ ಹಳೆಯ ಹಲಗೆಯೊಂದರ ಮುಂದೆ ಅವರು ನಿಂತುಬಿಟ್ಟರು. ಉಗುರಿನಿಂದ ಕೆರೆದು ಮೂಸಿದರು.

"ತೇಗ ಕಣೇ. ನಮ್ಮ ಕಡೇದಲ್ಲ, ಬರ್ಮಾದ್ದು."

ಮಿಷಿಗನ್ನಿನ ಗ್ಯಾರೇಜಿನಲ್ಲಿ ಬರ್ಮಾ ತೇಗವೇ! ನನಗೆ ನಗು ಬಂತು. ಆದರೂ ಮುದುಕನಿಗೆ ಹೇಳಿದೆ. ಅವನು ಕೈಯಲ್ಲಿದ್ದ ಕಾಫಿ ಕೆಳಗಿಟ್ಟು ಅಪ್ಪನನ್ನೇ ನೋಡಿದ.

ಅದು ಹಡಗಿನ ಹಲಗೆಯಂತೆ. ಬ್ರಿಟಿಷರ ಕಾಲದಲ್ಲಿ ಬರ್ಮಾದ ಹೊಳೆದಂಡೆಯಲ್ಲಿ ಕಟ್ಟಿದ ಹಾಯಿಹಡಗು. ಕಲ್ಕತ್ತಾ, ಮದರಾಸು, ಲಂಡನ್ ಎಂದು ವ್ಯಾಪಾರದ ಸರಕು ಹೊತ್ತಿತು. ಆಮೇಲೆ ಆಸ್ಟ್ರೇಲಿಯಾಕ್ಕೆ ಜನರನ್ನು ಸಾಗಿಸಿತು. ಮುಪ್ಪಿನಲ್ಲಿ ಅಟ್ಲಾಂಟಿಕ್ ದಾಟಿ ಬಂದು, ಇಲ್ಲಿನ ದೊಡ್ಡ ಸರೋವರಗಳ ದಡದ ಊರೂರಿನಲ್ಲಿ ಟಿಕೆಟ್ ಕೊಂಡವರಿಗೆ ಪ್ರದರ್ಶನವಾಗಿ ನಿಂತಿತು. ಕೊನೆಗೆ ಈರಿ ಸರೋವರದ ಮರಳಿನಲ್ಲಿ ಸಿಕ್ಕಿಕೊಂಡಿತು. ಅಲ್ಲೇ ಒಂದು ದಿನ ಬೆಂಕಿ ಬಿತ್ತು. ಉಳಿದ ತುಂಡುಗಳಲ್ಲಿ ಇದೊಂದನ್ನು ಅವನು ನೀರಿಗಿಳಿದು ಎಳೆದು ತಂದಿದ್ದ. ನಾನು ಹಲಗೆ ಮುಟ್ಟಿದೆ. ಮದರಾಸಿನ ಕರಾವಳಿ ಕಂಡ ಮರ, ನನಗಿಂತ ಎಷ್ಟೋ ಮೊದಲೇ ಇಲ್ಲಿಗೆ ಬಂದು ಕೂತಿದೆ!

ಅಪ್ಪ ಹಲಗೆಯನ್ನು ಮಗುಚಿದರು. ಹಿಂಬದಿಯೆಲ್ಲ ಸುಟ್ಟು ಕಪ್ಪಾಗಿತ್ತು. ಬೆಂಕಿ ತಗುಲಿದ ಮರ ದೇವರ ಪೀಠಕ್ಕೆ ಆಗದು ಎಂಬುದನ್ನು ಚಿಕ್ಕಂದಿನಿಂದ ಅವರ ಬಾಯಲ್ಲೇ ಕೇಳಿದ್ದೆ. ಇನ್ನು ಅಪ್ಪನಿಗೆ ವಾಪಸ್ ಟಿಕೆಟ್ ಬುಕ್ ಮಾಡುವುದೇ ಸರಿ ಎಂದುಕೊಂಡೆ.

ಅಪ್ಪ ಬಹಳ ಹೊತ್ತು ಆ ಕಪ್ಪಿನ ಮೇಲೆ ಅಂಗೈ ಆಡಿಸಿದರು. ಕಣ್ಣು ಒದ್ದೆಯಾಗಿತ್ತು.

"ನೀರಿನ ಕೈಲಿ ಇದನ್ನ ಕೊಳೆಸಕ್ಕಾಗ್ಲಿಲ್ಲ. ಅಗ್ನಿ ಬಾಯಿಗಿಟ್ಟು ಬಿಟ್ಬಿಟ್ಟ. ಅವರಿಬ್ರೂ ಉಳಿಸಿದ್ದನ್ನ ಬೇಡ ಅನ್ನೋಕೆ ನಾನ್ಯಾರಮ್ಮ?"

ಸಂಜೆ ಮುದುಕ ತಾನೇ ಒಂದು ತುದಿ ಹಿಡಿದು ಹಲಗೆಯನ್ನು ನಮ್ಮನೆಗೆ ತಂದ. ಸುಟ್ಟ ಭಾಗ ಉಜ್ಜಲು ನನ್ನ ಗಂಡ ಉಪ್ಪುಕಾಗದ ತಂದರೆ ಅಪ್ಪ ತಡೆದರು. ಮರುದಿನ ಬೆಳಿಗ್ಗೆ ದೇವರುಗಳು ಒಬ್ಬೊಬ್ಬರಾಗಿ ಹೊರಬಂದು ಅದರ ಮೇಲೆ ಕುಳಿತರು. ನಾನು ದೀಪ ಹಚ್ಚಿದೆ. ಅಪ್ಪ ಖಾಲಿ ಸೂಟ್‌ಕೇಸನ್ನು ನನ್ನ ಕೈಗೆ ಕೊಟ್ಟರು.

"ಮುಂದಿನ ಸಲ ಎದುರು ಮನೇಲಿ ಗ್ಯಾರೇಜ್ ಸೇಲ್ ಮಾಡ್ದಾಗ ಇದನ್ನೂ ಇಟ್ಬಿಡು."